ಇದು ಯಾವ ಕಲ್ಪದ ಕಥೆ?

ಮಕ್ಕಳು ಆಡುವ ವಿಡಿಯೋ ಗೇಮುಗಳ ಬಗ್ಗೆ ನಾವು ದೊಡ್ಡವರು ಒಟ್ಟಿಗೆ ಸೇರಿದಾಗ ಆಡುವ ಮಾತು ನಿಮಗೆಲ್ಲ ಗೊತ್ತಿದ್ದದ್ದೇ. ಕಣ್ಣು ಹಾಳು, ಓದು ಹಾಳು, ಊಟಕ್ಕೆ ಕರೆದರೆ "ಒನ್ ಮಿನಿಟ್ ಅಮ್ಮ" ಎಂಬ ಉತ್ತರ, ಆ ಒಂದು ನಿಮಿಷ ಮುಗಿಯುವಷ್ಟರಲ್ಲಿ ಸಾರು ತಣ್ಣಗೆ. ನಾನು ಬರೆಯಹೊರಟಿರುವುದು ಅದರ ಬಗ್ಗೆ ಅಲ್ಲ. ಅಂಥದ್ದೊಂದು ಆಟದೊಳಗೆ ಅಡಗಿರುವ, ಯಾರೋ ಕೂತು ಕಟ್ಟಿದ ಒಂದು ಧರ್ಮಗ್ರಂಥದ ಬಗ್ಗೆ. ಕಾಲವನ್ನು ಮುರಿಯುವ, ನಿಲ್ಲಿಸುವ, ಮುಂದಕ್ಕೆ ಎಸೆಯುವ ಮಾಯೆ ಅದರ ವಿಷಯ. ಯುಗಾದಿ ಸಂಚಿಕೆಗೆ ಕಾಲದ ಮೇಲೆ ಏನಾದರೂ ಬರೆಯಿರಿ ಎಂದು ಸಂಪಾದಕರು ಕೇಳಿದಾಗ ನನಗೆ ಮೊದಲು ಹೊಳೆದದ್ದು ಪಂಚಾಂಗವಲ್ಲ, ಇದು!

ಕಾರಣ ಒಂದು ಶಬ್ದ. "ಸ್ಕೈರಿಮ್" ಎಂಬ ಆಟವನ್ನು ನೀವು ಕೇಳಿರಬಹುದು. 2011ರ ನವೆಂಬರ್ 11ರಂದು ಬಂತು. ಅದರ ಮೇಲೆ ಹದಿನೇಳು ದಾಟಿದವರಿಗೆ ಮಾತ್ರ ಎಂಬ ಮುದ್ರೆಯಿದೆ. ನಮ್ಮ ಹುಡುಗನಿಗೆ ಹದಿನೇಳಾಗಿತ್ತು, ಹಾಗಾಗಿ ಮನೆಯೊಳಗೆ ಪ್ರವೇಶ ಸಿಕ್ಕಿತು. ಆ ಆಟದಲ್ಲಿ ಒಂದು ಹಿಮಪರ್ವತದ ತುದಿಯಲ್ಲಿ ಪಾರ್ಥುರ್ನಾಕ್ಸ್ ಎಂಬ ಮುದಿ ಡ್ರ್ಯಾಗನ್ ತಪಸ್ಸಿಗೆ ಕೂತಿರುತ್ತದೆ. ಒಂದು ಕಾಲದಲ್ಲಿ ಮನುಷ್ಯರನ್ನು ಕೊಂದದ್ದು, ಆಮೇಲೆ ಪಕ್ಷ ಬದಲಿಸಿ ಸನ್ಯಾಸಿಗಳಿಗೆ ಗುರುವಾದದ್ದು. ಲೋಕವನ್ನೇ ನುಂಗಲು ಬಂದಿರುವ ಆಲ್ಡುಯಿನ್ ಎಂಬ ಇನ್ನೊಂದು ಡ್ರ್ಯಾಗನ್ನನ್ನು ಸೋಲಿಸುವ ವಿದ್ಯೆ ಬೇಕು ಎಂದು ಆಟಗಾರ ಹತ್ತಿ ಹೋದರೆ, ಈ ಮುದುಕ ಒಂದು ಪ್ರಶ್ನೆ ಕೇಳುತ್ತಾನೆ: ಈ ಲೋಕ ಮುಂದಿನ ಕಲ್ಪದ ಮೊಟ್ಟೆ ಆಗಿರಬಹುದಲ್ಲ, ಅದು ಒಡೆದು ಹೊಸ ಲೋಕ ಹುಟ್ಟುವುದನ್ನು ನೀನು ತಡೆಯುತ್ತೀಯಾ ಎಂಬರ್ಥದಲ್ಲಿ.

ಕಲ್ಪ! ಆಟದಲ್ಲಿ ಇರುವುದು ಅದೇ ಪದ, ಅನುವಾದವಲ್ಲ. ಹುಡುಗ ಪಾಸ್ ಮಾಡಿ ತಿರುಗಿ ಕೇಳಿದ್ದು ನನ್ನನ್ನಲ್ಲ. ಅರಕಲಗೂಡಿನಿಂದ ಆರು ತಿಂಗಳಿಗೆಂದು ಬಂದಿದ್ದ ನಮ್ಮತ್ತೆಯವರನ್ನು. "ಅಜ್ಜಿ, ಕಲ್ಪ ನಿಮ್ದು ವರ್ಡ್ ಅಲ್ವಾ? ಪೂಜೆಲಿ ಬರತ್ತಲ್ಲ?"

ಅವರಿಬ್ಬರ ಸ್ಥಿತಿ ಸ್ವಲ್ಪ ಹೇಳಬೇಕು. ಅತ್ತೆಯವರಿಗೆ ಇಂಗ್ಲಿಷ್ ಇಲ್ಲ. ಹುಡುಗನ ಕನ್ನಡ ಅಡುಗೆಮನೆ, ಕಾರು, ಫೋನಿನ "ಚೆನ್ನಾಗಿದೀನಿ"ಯ ಆಚೆಗೆ ಹೋಗುವುದಿಲ್ಲ. ಬಂದ ಎರಡು ತಿಂಗಳಲ್ಲಿ ಅವರ ನಡುವಿನ ಮಾತು "ತಿಂಡಿ ಆಯ್ತಾ", "ಆಯ್ತು" ಎನ್ನುವಲ್ಲಿಗೆ ನಿಂತಿತ್ತು. ಪೂಜೆಗೆ ಕೂರುವುದನ್ನು ಅವನು ಆಗಲೇ ಬಿಟ್ಟಿದ್ದ. ಎಲ್ಲ ಯಾರೋ ಕಟ್ಟಿದ ಕಥೆ, ಒಂದಕ್ಕೊಂದು ತಾಳೆಯಿಲ್ಲ ಎಂದು ಅವನ ವಾದ. ಸಣ್ಣವನಿದ್ದಾಗ ಭಾನುವಾರದ ಕ್ಲಾಸಿನಲ್ಲಿ ಗಣೇಶನ ತಲೆ ಹೋದದ್ದು ಶಿವನ ಶೂಲದಿಂದ ಎಂದು ಕಲಿತಿದ್ದ. ಮುಂದಿನ ವರ್ಷ ಯಾರೋ ಉಡುಗೊರೆ ಕೊಟ್ಟ ಚಿತ್ರಪುಸ್ತಕದಲ್ಲಿ ಶನಿಯ ದೃಷ್ಟಿ ಬಿದ್ದು ಹೋಯಿತು ಎಂದಿತ್ತು. ಎರಡರಲ್ಲಿ ಯಾವುದು ಸರಿ ಎಂಬ ಪ್ರಶ್ನೆ ಅವನ ಮಟ್ಟಿಗೆ ಅಂದಿನಿಂದ ಮುಚ್ಚದೇ ಉಳಿದ ಖಾತೆ.

ಅವನ ಈ ಆಟ ಎಲ್ಲಿಂದ ಬಂತೆಂದು ನೋಡಹೊರಟರೆ, ನಮ್ಮ ಹಿತ್ತಲಿನಿಂದಲೇ! ಇದನ್ನು ಮಾಡುವ ಬೆಥೆಸ್ಡಾ ಕಂಪನಿ ಇರುವುದು ಮೇರಿಲ್ಯಾಂಡಿನ ರಾಕ್‌ವಿಲ್‌ನಲ್ಲಿ. ಲ್ಯಾನ್‌ಹ್ಯಾಮಿನ ಶಿವ ವಿಷ್ಣು ದೇವಸ್ಥಾನಕ್ಕೆ ಹೋಗುವ ನಾವು ಎಷ್ಟೋ ಜನ ಆ ಊರಿನ ಪಕ್ಕದಲ್ಲೇ ಬೆಲ್ಟ್‌ವೇ ಹಿಡಿಯುತ್ತೇವೆ. ಕಂಪನಿ ಶುರುವಾದದ್ದು 1986ರಲ್ಲಿ, ಹೆಸರೇ ಹೇಳುವಂತೆ ಬೆಥೆಸ್ಡಾ ಊರಿನಲ್ಲಿ. 2021ರಿಂದ ಮೈಕ್ರೋಸಾಫ್ಟಿನ ತೆಕ್ಕೆಯಲ್ಲಿದೆ. 1994ರಲ್ಲಿ "ಆರೆನಾ" ಎಂಬ ಮೊದಲ ಆಟ ತಂದಾಗ ಅದಕ್ಕೆ "ದಿ ಎಲ್ಡರ್ ಸ್ಕ್ರೋಲ್ಸ್" ಎಂದು ಮೇಲುಹೆಸರು ಕೊಟ್ಟರು. ಪುರಾತನ ಸುರುಳಿಗಳು ಎಂದಿಟ್ಟುಕೊಳ್ಳೋಣ. ಆ ಹೆಸರನ್ನು ಸೂಚಿಸಿದವರು ವಿನ್ಯಾಸಕರಲ್ಲೊಬ್ಬರಾದ ವಿಜಯ್ ಲಕ್ಷ್ಮಣ್. ತಮಾಷೆಯೆಂದರೆ ಆ ಸುರುಳಿಗಳಲ್ಲಿ ಏನಿದೆ, ಅವು ಏನು ಎಂದು ಆಗ ತಂಡದಲ್ಲಿ ಯಾರಿಗೂ ಗೊತ್ತಿರಲಿಲ್ಲವಂತೆ. ಹೆಸರು ಮೊದಲು ಹುಟ್ಟಿತು, ಅರ್ಥ ಆಮೇಲೆ ಬಂದು ಸೇರಿಕೊಂಡಿತು.

ಬಂದ ಅರ್ಥವಾದರೂ ಎಂಥದ್ದು! ಮುಂದಿನ ಆಟಗಳಲ್ಲಿ ತಿಳಿಯುವಂತೆ ಈ ಸುರುಳಿಗಳು ಸೃಷ್ಟಿಯ ತುಣುಕುಗಳು. ಕಾಲದ ಹೊರಗೆ ಇರುವಂಥವು. ಎಷ್ಟಿವೆ ಎಂದು ಎಣಿಸಲಾಗುವುದಿಲ್ಲ. ಆಗಿದ್ದು, ಆಗಬಹುದಾದದ್ದು ಎರಡೂ ಅದರಲ್ಲಿವೆ. ಬಿಚ್ಚಿ ಓದುವವರು ಪತಂಗಗಳ ವ್ರತ ಹಿಡಿದ ಒಂದು ಪಂಥದ ಅರ್ಚಕರು. ಒಂದೊಂದು ಸಲ ಓದಿದಾಗಲೂ ಅವರ ದೃಷ್ಟಿ ಸ್ವಲ್ಪ ಹೋಗುತ್ತದೆ, ಕೊನೆಗೆ ಪೂರ್ತಿ ಕುರುಡು. ಕುರುಡಾದವರನ್ನು ಉಳಿದವರು ಮಠದಲ್ಲಿ ಆದರದಿಂದ ನೋಡಿಕೊಳ್ಳುತ್ತಾರೆ. ಸ್ಕೈರಿಮ್‌ನ ಕಥೆಯಲ್ಲಿ ಹಿಂದಿನ ಕಾಲದ ವೀರರು ಆಲ್ಡುಯಿನ್‌ನನ್ನು ಕೊಲ್ಲಲಾಗದೆ, ಇಂಥದ್ದೊಂದು ಸುರುಳಿ ಓದಿ ಅವನನ್ನು ಕಾಲದಲ್ಲೇ ಮುಂದಕ್ಕೆ ತಳ್ಳಿಬಿಡುತ್ತಾರೆ. ಅಂದರೆ ತಮ್ಮ ಕಷ್ಟವನ್ನು ಮೊಮ್ಮಕ್ಕಳ ಮೊಮ್ಮಕ್ಕಳ ಮೇಲೆ ಹಾಕಿದರು. (ಇದರಲ್ಲಿ ನನಗೆ ಮ್ಯಾಜಿಕ್ ಏನೂ ಕಾಣಲಿಲ್ಲ, ಎಲ್ಲ ಸರ್ಕಾರಗಳೂ ಮಾಡುವುದೇ.) ಹಾಗೆ ತಳ್ಳಿದ ಜಾಗದಲ್ಲಿ ಕಾಲಕ್ಕೆ ಒಂದು ಗಾಯವಾಗಿ ಉಳಿದಿರುತ್ತದೆ. ಆಟಗಾರ ಅಲ್ಲೇ ನಿಂತು ಅದೇ ಸುರುಳಿ ಬಿಚ್ಚಿದರೆ ಹಿಂದೆ ನಡೆದದ್ದು ಕಣ್ಣೆದುರು ಬರುತ್ತದೆ.

ಇದಿಷ್ಟೇ ಆಗಿದ್ದರೆ ಚಂದಮಾಮದ ಕಥೆಯಷ್ಟೇ. ನನ್ನನ್ನು ಹಿಡಿದು ನಿಲ್ಲಿಸಿದ್ದು ಆಟದೊಳಗಿನ ಪುಸ್ತಕಗಳು. ಈ ಆಟಗಳಲ್ಲಿ ಯಾವ ಮನೆಗೆ ಹೊಕ್ಕರೂ ಕಪಾಟಿನಲ್ಲಿ ಪುಸ್ತಕ ಇರುತ್ತವೆ, ತೆಗೆದು ನಿಜವಾಗಿಯೂ ಓದಬಹುದು. ನೂರಾರು ಇವೆ. ಚರಿತ್ರೆ, ಲಾವಣಿ, ಅಡುಗೆ, ದೇವಸ್ತುತಿ, ಒಬ್ಬ ಪಂಡಿತ ಇನ್ನೊಬ್ಬನನ್ನು ಹೀಯಾಳಿಸಿ ಬರೆದ ಖಂಡನೆ. ಎಲ್ಲಕ್ಕೂ ಆ ಲೋಕದವನೇ ಒಬ್ಬ ಕರ್ತೃ, ಪ್ರತಿಯೊಬ್ಬನಿಗೂ ಅವನ ಜಾತಿ, ದೇಶ, ಪಂಥದ ಪಕ್ಷಪಾತ. ಆದ್ದರಿಂದ ಒಂದೇ ಯುದ್ಧಕ್ಕೆ ನಾಲ್ಕು ಕಥೆ. ಯಾವುದು ಸತ್ಯ ಎಂದು ಆಟ ಹೇಳುವುದಿಲ್ಲ.

ಈಗ ಕಾಲ ಮುರಿದ ಪ್ರಸಂಗಕ್ಕೆ ಬರುತ್ತೇನೆ. ಇದರ ಹಿಂದೆ ಶುದ್ಧ ವ್ಯಾಪಾರದ ಒಂದು ಪೇಚಾಟ ಇದೆ. 1996ರಲ್ಲಿ ಬಂದ ಎರಡನೇ ಆಟ "ಡ್ಯಾಗರ್‌ಫಾಲ್". ಅದರ ಕೊನೆಯಲ್ಲಿ ಒಂದು ಹಿತ್ತಾಳೆಯ ದೈತ್ಯಯಂತ್ರವನ್ನು ನಡೆಸುವ ಅಧಿಕಾರ ಆಟಗಾರನ ಕೈಗೆ ಬರುತ್ತದೆ. ಅದನ್ನು ಅವನು ಯಾರಿಗೆ ಬೇಕಾದರೂ ಒಪ್ಪಿಸಬಹುದು: ಚಕ್ರವರ್ತಿಗೆ, ಮೂವರು ಸಣ್ಣ ರಾಜರಲ್ಲಿ ಒಬ್ಬರಿಗೆ, ಓರ್ಕ್ ಎಂಬ ಜನಾಂಗದ ನಾಯಕನಿಗೆ, ಹೆಣಗಳನ್ನು ಎಬ್ಬಿಸುವ ಮಾಂತ್ರಿಕನಿಗೆ. ಯಾರಿಗೆ ಕೊಟ್ಟರೆ ಅವನು ಗೆದ್ದ, ಲೋಕದ ಚರಿತ್ರೆ ಹಾಗೆ ಮುಗಿಯಿತು. ಲಕ್ಷಗಟ್ಟಲೆ ಜನ ಆಡಿದರು, ಒಬ್ಬೊಬ್ಬರೂ ನೂರಾರು ಗಂಟೆ ಕೂತು ಒಂದೊಂದು ಅಂತ್ಯ ತಲುಪಿದರು. ಮುಂದಿನ ಆಟ ಬರೆಯಬೇಕಾದವರಿಗೆ ತಲೆನೋವು ಶುರುವಾಯಿತು. ಯಾವ ಅಂತ್ಯ ನಿಜವಾಗಿ ನಡೆದದ್ದು ಎಂದು ಹೇಳುವುದು? ಒಂದನ್ನು ಆರಿಸಿದರೆ ಉಳಿದವರಿಗೆಲ್ಲ "ನೀನು ಆಡಿದ್ದು ಸುಳ್ಳು" ಎಂದಂತೆ.

ಅವರು ಹೇಳಿದ್ದು: ಎಲ್ಲವೂ ನಡೆಯಿತು. ಆ ಲೋಕದ ಕಾಲದೇವತೆ ಅಕಟೋಶ್, ಡ್ರ್ಯಾಗನ್ ರೂಪದವನು. ಆ ಯಂತ್ರ ಎದ್ದು ನಿಂತಾಗ ಕಾಲವೇ ಮುರಿಯಿತು, "ಡ್ರ್ಯಾಗನ್ ಬ್ರೇಕ್" ಆಯಿತು. ಎಲ್ಲ ರಾಜರೂ ಗೆದ್ದರು, ಓರ್ಕ್‌ಗಳಿಗೂ ರಾಜ್ಯ ಸಿಕ್ಕಿತು, ಮಾಂತ್ರಿಕ ದೇವರೂ ಆದ. ಕಾಲ ಮತ್ತೆ ಕೂಡಿಕೊಂಡಾಗ ಜನ ಕಣ್ಣುಜ್ಜಿಕೊಂಡು ನೋಡಿದರೆ 44 ಪುಟ್ಟ ಸಂಸ್ಥಾನಗಳಿದ್ದ ಸೀಮೆಯಲ್ಲಿ ಉಳಿದದ್ದು ನಾಲ್ಕು.

2002ರ "ಮಾರೋವಿಂಡ್" ಆಟದಲ್ಲಿ ಇದಕ್ಕೂ ಹಳೆಯ ಇನ್ನೊಂದು ಮುರಿತದ ಬಗ್ಗೆ ಒಂದು ಕಿರುಪುಸ್ತಕ ಸಿಗುತ್ತದೆ. ಡ್ರ್ಯಾಗನ್ ಮುರಿದಾಗ ನೀವೆಲ್ಲಿದ್ದಿರಿ ಎಂಬುದು ಅದರ ಶೀರ್ಷಿಕೆಯ ಅರ್ಥ. ಕಥೆ ಹೀಗೆ. ದೇವರ ಸ್ವರೂಪದಿಂದ ತಮಗೆ ಸೇರದ ಅಂಶವನ್ನು ಕಿತ್ತುಹಾಕಬೇಕೆಂದು ಒಂದು ಕಟ್ಟಾ ಮತೀಯರ ಗುಂಪು ಒಂದು ಗೋಪುರದ ಮೇಲೆ ಕುಣಿದು ಮಂತ್ರ ಹಾಕಿತು, ಕಾಲ ಮುರಿಯಿತು, 1008 ವರ್ಷ ಮುರಿದೇ ಇತ್ತು. (1008 ಎಂದು ಓದಿದಾಗ ನಮ್ಮತ್ತೆಯವರು "ಸರಿಯಾಗಿದೆ" ಎಂದರು, ಲಕ್ಷಾರ್ಚನೆಯ ಲೆಕ್ಕ ನೋಡಿದವರಂತೆ.) ಬೇರೆ ಬೇರೆ ಜನಾಂಗದವರ ಸಾಕ್ಷ್ಯಗಳನ್ನು ಪುಸ್ತಕ ಜೋಡಿಸಿಕೊಂಡು ಹೋಗುತ್ತದೆ. ಒಬ್ಬ ಏನೂ ಅರ್ಥವಾಗಲಿಲ್ಲ ಎನ್ನುತ್ತಾನೆ. ಬೆಕ್ಕಿನ ಜನಾಂಗದವನದು ಮಾತ್ರ ಗತ್ತಿನ ಮಾತು: ನೀವೆಲ್ಲ ನಿಮ್ಮ ಅಪ್ಪಂದಿರನ್ನು ನೀವೇ ಹೆರುತ್ತಿದ್ದಾಗ ನಾವು ಚಂದ್ರರನ್ನು ನೋಡುತ್ತಿದ್ದೆವು, ಬದಲಾಗದೇ ಉಳಿದದ್ದು ಅವು ಮಾತ್ರ, 1008 ಎಂಬ ಲೆಕ್ಕ ನಿಮಗೆ ಬಂದದ್ದೂ ನಮ್ಮಿಂದಲೇ ಎಂಬ ಧಾಟಿಯಲ್ಲಿ. ಆ ಲೋಕಕ್ಕೆ ಎರಡು ಚಂದ್ರರು. ಚಾಂದ್ರಮಾನ ಯುಗಾದಿ ಮಾಡುವ ನಾವು ಈ ಬೆಕ್ಕಿಗೆ ಒಂದು ಹೋಳಿಗೆ ಎತ್ತಿಡಬೇಕು.

ಅದೇ ಆಟದ ಇನ್ನೊಂದು ಕಪಾಟಿನಲ್ಲಿ ಇನ್ನೊಬ್ಬ ವಿದ್ವಾಂಸ ಇದೆಲ್ಲ ಬುರುಡೆ, ಹಳೆಯ ಕಾಲಗಣನೆ ತಪ್ಪಾಗಿ ಹುಟ್ಟಿದ ಕಥೆ ಎಂದು ಬರೆದಿಟ್ಟಿದ್ದಾನೆ. ಶಾಸನತಜ್ಞರ ಜಗಳ ಓದಿದವರಿಗೆ ಈ ಧ್ವನಿ ತೀರ ಪರಿಚಿತ. ಕಟ್ಟಿದ ಧರ್ಮಗ್ರಂಥಕ್ಕೆ ಕಟ್ಟಿದ ಖಂಡನೆಯನ್ನೂ ಇಟ್ಟವರನ್ನು ನಾನು ಮೆಚ್ಚುತ್ತೇನೆ.

ಹುಡುಗ ಇದನ್ನೆಲ್ಲ ಅರ್ಧ ಕನ್ನಡ, ಅರ್ಧ ಕೈಸನ್ನೆಯಲ್ಲಿ ಅಜ್ಜಿಗೆ ಹೇಳಿದ. ಎರಡು ಕಥೆ ಬೇರೆ ಬೇರೆ, ಎರಡೂ ಸರಿ, ಹೇಗೆ ಸಾಧ್ಯ ಹೇಳಿ ನೋಡೋಣ ಎಂದು ಸವಾಲು. ಅವರು ಹೂಬತ್ತಿ ಹೊಸೆಯುತ್ತಾ, "ಅದರಲ್ಲೇನಿದೆ ಮಗು, ಕಲ್ಪಭೇದ" ಎಂದರು. "ಗಣೇಶನ ತಲೆ ಒಂದು ಕಲ್ಪದಲ್ಲಿ ಶಿವ ತೆಗೆದ, ಇನ್ನೊಂದು ಕಲ್ಪದಲ್ಲಿ ಶನಿ ನೋಡಿ ಹೋಯ್ತು. ಎರಡೂ ನಡೆದದ್ದೇ ಕಣೋ. ಕಥೆ ಹೇಳೋರು ಇದು ಯಾವ ಕಲ್ಪದ್ದು ಅಂತ ಹೇಳೋದು ಮರೀತಾರೆ ಅಷ್ಟೆ."

ಇದು ಅತ್ತೆಯವರು ಅಲ್ಲೇ ಹೊಸೆದ ಸಮಾಧಾನವಲ್ಲ. ಪುರಾಣಗಳ ನಡುವೆ ವಿರೋಧ ಬಂದಾಗ ಹಳೆಯ ವ್ಯಾಖ್ಯಾನಕಾರರು ಕೊಡುತ್ತಿದ್ದ ಉತ್ತರವೇ ಇದು. ಶನಿಯ ಕಥೆ ಬ್ರಹ್ಮವೈವರ್ತದ್ದು, ಶೂಲದ ಕಥೆ ಶಿವಪುರಾಣದ್ದು. ಶಿವಪುರಾಣವೇ ಗಣೇಶನ ಜನ್ಮ ಹೇಳುವಾಗ ಕಲ್ಪಭೇದದ ಮಾತು ಎತ್ತುತ್ತದೆ. ಲೆಕ್ಕ ಹೀಗಿದೆ: ಕಲಿಯುಗ 4,32,000 ವರ್ಷ, ದ್ವಾಪರ ಅದರ ಎರಡರಷ್ಟು, ತ್ರೇತಾ ಮೂರರಷ್ಟು, ಕೃತ ನಾಲ್ಕರಷ್ಟು. ಕೂಡಿದರೆ ಒಂದು ಮಹಾಯುಗ, 43,20,000 ವರ್ಷ. ಅಂಥ ಸಾವಿರ ಸೇರಿದರೆ ಬ್ರಹ್ಮನ ಒಂದು ಹಗಲು, ಅಂದರೆ ಒಂದು ಕಲ್ಪ, 432 ಕೋಟಿ ವರ್ಷ. ಆಮೇಲೆ ಅಷ್ಟೇ ಉದ್ದದ ರಾತ್ರಿ. ಹಗಲೊಳಗೆ ಹದಿನಾಲ್ಕು ಮನ್ವಂತರ; ನಾವಿರುವುದು ಶ್ವೇತವರಾಹ ಕಲ್ಪದ ಏಳನೆಯದರಲ್ಲಿ, ಅದರ 28ನೇ ಮಹಾಯುಗದ ಕಲಿಯಲ್ಲಿ. ಇಷ್ಟು ಜಾಗ ಇಟ್ಟುಕೊಂಡವರಿಗೆ ಎರಡು ಕಥೆ ಇಡಲು ಇಕ್ಕಟ್ಟೇನು?

ಆದರೆ ಹುಡುಗ ಬಿಡಲಿಲ್ಲ. ಎರಡೂ ಒಂದೇ ಅಲ್ಲ ಎಂದ, ಅವನು ಹೇಳಿದ್ದು ಸರಿಯೂ ಹೌದು. ಅಜ್ಜಿಯ ಕಲ್ಪಭೇದದಲ್ಲಿ ಎರಡು ಕಥೆ ಎರಡು ಕಾಲದಲ್ಲಿ ನಡೆಯುತ್ತವೆ. ಒಂದು ಮುಗಿದು, ಪ್ರಳಯವಾಗಿ, ರಾತ್ರಿ ಕಳೆದು, ಇನ್ನೊಂದು. ತರ್ಕಕ್ಕೆ ಪೆಟ್ಟಿಲ್ಲ. ಡ್ರ್ಯಾಗನ್ ಬ್ರೇಕಿನಲ್ಲಿ ಒಂದೇ ಕಾಲದಲ್ಲಿ ಎಲ್ಲವೂ ಒಟ್ಟಿಗೆ. ಅಲ್ಲಿ ತರ್ಕವೇ ಮುರಿಯುವುದು. ಅವರದು ಹುಚ್ಚು ಧೈರ್ಯ, ನಮ್ಮದು ನಿಧಾನದ ಲೆಕ್ಕ. ನನಗೆ ಎರಡರಲ್ಲೂ ಕಂಡದ್ದು ಒಂದೇ ಸೌಜನ್ಯ. ನಿನ್ನದು ಸುಳ್ಳು ಎಂದು ಯಾರಿಗೂ ಹೇಳದಿರುವುದು. ರಾಕ್‌ವಿಲ್‌ನವರಿಗೆ ಗಿರಾಕಿ ಉಳಿಯಬೇಕಿತ್ತು. ನಮ್ಮ ಪೌರಾಣಿಕರು ಊರೂರು ತಿರುಗುವವರು, ಊರಿಗೊಂದು ಸ್ಥಳಪುರಾಣ, ಪ್ರತಿ ಹೊಳೆಯ ದಂಡೆಯಲ್ಲೂ ರಾಮ ಲಿಂಗ ಪ್ರತಿಷ್ಠೆ ಮಾಡಿದ್ದಾನೆ, ಪ್ರತಿ ಗುಡ್ಡದಲ್ಲೂ ಭೀಮ ಒಲೆ ಹೂಡಿದ್ದಾನೆ. ಊಟ ಹಾಕಿದ ಊರಿಗೆ ನಿಮ್ಮ ಕಥೆ ತಪ್ಪು ಎಂದು ಹೇಳಿ ಮುಂದಿನ ಊರಿಗೆ ಹೋಗಲಾಗುತ್ತದೆಯೆ?

ಮೈಸೂರಿನಲ್ಲಿ ಹುಟ್ಟಿ ಶಿಕಾಗೋದಲ್ಲಿ ಪಾಠ ಮಾಡಿ, 1993ರಲ್ಲಿ ಅಲ್ಲೇ ತೀರಿಕೊಂಡ ನಮ್ಮ ಎ. ಕೆ. ರಾಮಾನುಜನ್ ಅವರ "ಮುನ್ನೂರು ರಾಮಾಯಣಗಳು" ಪ್ರಬಂಧ 1991ರಲ್ಲಿ ಅಚ್ಚಾಯಿತು. ಅದರಲ್ಲಿ ಅವರು ಹೇಳುವ ಒಂದು ಜನಪದ ಕಥೆಯನ್ನು ಆ ರಾತ್ರಿ ನಾನು ಹುಡುಗನಿಗೆ ಹೇಳಿದೆ. ರಾಮನ ಉಂಗುರ ಜಾರಿ ನೆಲದ ಬಿರುಕಿನೊಳಗೆ ಬೀಳುತ್ತದೆ. ಹನುಮಂತ ಚಿಕ್ಕವನಾಗಿ ಅದರ ಹಿಂದೆ ಪಾತಾಳಕ್ಕಿಳಿಯುತ್ತಾನೆ. ಅಲ್ಲಿನ ಭೂತಗಳ ರಾಜ ಒಂದು ತಟ್ಟೆ ತಂದು ಮುಂದಿಡುತ್ತಾನೆ. ತಟ್ಟೆ ತುಂಬ ಸಾವಿರಾರು ಉಂಗುರ, ಎಲ್ಲವೂ ರಾಮನದೇ. ಇದರಲ್ಲಿ ನಿನ್ನ ರಾಮನದು ಯಾವುದೋ ಆರಿಸಿಕೋ ಎಂದರೆ ಹನುಮಂತನಿಗೆ ಗೊತ್ತಾಗುವುದಿಲ್ಲ. ಇಲ್ಲಿ ಎಷ್ಟು ಉಂಗುರವಿದೆಯೋ ಅಷ್ಟು ರಾಮರಾಗಿದ್ದಾರೆ, ನೀನು ಮೇಲೆ ಹೋಗುವಷ್ಟರಲ್ಲಿ ನಿನ್ನ ರಾಮನೂ ಇರುವುದಿಲ್ಲ ಎನ್ನುತ್ತಾನೆ ರಾಜ. ಹುಡುಗ ಸ್ವಲ್ಪ ಹೊತ್ತು ಮಾತಾಡಲಿಲ್ಲ. ಆಮೇಲೆ, "ಇದು ಗೇಮ್‌ಗಿಂತ ಸ್ಯಾಡ್" ಎಂದ. ಸ್ಕೈರಿಮ್ ಬಂದ ಅದೇ 2011ರಲ್ಲಿ ದೆಹಲಿ ವಿಶ್ವವಿದ್ಯಾಲಯ ಈ ಪ್ರಬಂಧವನ್ನು ತನ್ನ ಇತಿಹಾಸದ ಪಠ್ಯದಿಂದ ತೆಗೆದುಹಾಕಿತು. ತೆಗೆದವರಿಗೆ ನಮ್ಮತ್ತೆಯವರಷ್ಟು ಕಲ್ಪಭೇದ ಗೊತ್ತಿರಲಿಲ್ಲ ಎಂದಷ್ಟೇ ನಾನು ಹೇಳುವುದು.

ಅಲ್ಲಿಂದ ಅಜ್ಜಿ ಮೊಮ್ಮಗನ ವ್ಯಾಪಾರ ಶುರುವಾಯಿತು. ಅವನು ಒಂದು ಹೇಳಿದರೆ ಅವರು ಒಂದು. ಅವನು ಹಳೆಯ ಡ್ರ್ಯಾಗನ್ನಿನ ಮೊಟ್ಟೆಯ ಮಾತೆತ್ತಿದರೆ ಅವರು, "ಬ್ರಹ್ಮಾಂಡ ಅಂದ್ರೆ ಇನ್ನೇನೋ, ಬ್ರಹ್ಮನ ಮೊಟ್ಟೆ" ಎಂದರು. ಅವನು ಕಾಲದಲ್ಲಿ ಮುಂದಕ್ಕೆ ಹೋದ ಆಲ್ಡುಯಿನ್‌ನನ್ನು ಹೇಳಿದರೆ ಅವರು ಭಾಗವತದ ಕಕುದ್ಮಿಯನ್ನು ತಂದರು. ಆ ರಾಜ ಮಗಳು ರೇವತಿಗೆ ಗಂಡು ಕೇಳಲು ಬ್ರಹ್ಮಲೋಕಕ್ಕೆ ಹೋದ. ಅಲ್ಲಿ ಸಂಗೀತ ನಡೆಯುತ್ತಿತ್ತು, ಮುಗಿಯಲಿ ಎಂದು ಸ್ವಲ್ಪ ಕಾದ. ಆಮೇಲೆ ಕೇಳಿದರೆ ಬ್ರಹ್ಮ ನಕ್ಕ. ನೀನು ಕಾದಷ್ಟರಲ್ಲಿ ಭೂಮಿಯಲ್ಲಿ 27 ಚತುರ್ಯುಗ ಕಳೆಯಿತು, ನೀನು ನೆನೆಸಿಕೊಂಡ ವರರು ಇರಲಿ ಅವರ ವಂಶದ ಹೆಸರೂ ಉಳಿದಿಲ್ಲ ಎಂದ. ಕೊನೆಗೆ ರೇವತಿಯನ್ನು ಬಲರಾಮನಿಗೆ ಕೊಟ್ಟರು. "ಇಂಟರ್‌ಸ್ಟೆಲ್ಲರ್!" ಎಂದು ಕೂಗಿದ ಹುಡುಗ. ಅತ್ತೆಯವರು ಅದು ಯಾವುದೋ ಊರಿರಬೇಕೆಂದು ಸುಮ್ಮನಾದರು.

ಅವನು ತನ್ನ ಕಡೆಯ ದೊಡ್ಡ ಅಸ್ತ್ರ ತೆಗೆದದ್ದು ವಿವೆಕ್‌ನ ಗ್ರಂಥ. ಇದನ್ನು ಸ್ವಲ್ಪ ಬಿಡಿಸಿ ಹೇಳಬೇಕು. ಮಾರೋವಿಂಡ್ ಆಟದ ದೇಶದಲ್ಲಿ ಮೂವರು ಜೀವಂತ ದೇವರು. ಅವರಲ್ಲೊಬ್ಬ ವಿವೆಕ್, ಕವಿ, ಯೋಧ, ಅರ್ಧ ಮೈ ಬಂಗಾರದ ಬಣ್ಣ, ಅರ್ಧ ಬೂದಿಬಣ್ಣ. ಅವನ ಅರಮನೆಗೆ ಹೋದರೆ ಕಾಲು ಮಡಚಿ ಗಾಳಿಯಲ್ಲಿ ಕೂತಿರುತ್ತಾನೆ, ನಮ್ಮ ಕ್ಯಾಲೆಂಡರಿನ ಯಾವುದೋ ದೇವರಂತೆ. ಅವನ ನಗರದ ಮೇಲೆ ಒಂದು ಬಂಡೆ ತೇಲುತ್ತಿರುತ್ತದೆ. ಆಕಾಶದಿಂದ ಬೀಳುತ್ತಿದ್ದದ್ದನ್ನು ಅವನು ಹಾಗೇ ತಡೆದು ನಿಲ್ಲಿಸಿದ್ದು. ಅರ್ಚಕರು ಅದನ್ನು ಕೊರೆದು ಒಳಗೆ ಸೆರೆಮನೆ ಮಾಡಿಕೊಂಡಿದ್ದಾರೆ. 2009ರಲ್ಲಿ ಗ್ರೆಗ್ ಕೀಸ್ ಈ ಲೋಕದ ಮೇಲೆ ಬರೆದ ಕಾದಂಬರಿಯಲ್ಲಿ ವಿವೆಕ್ ಕಾಣೆಯಾದ ಮೇಲೆ ಬಂಡೆ ಬೀಳುತ್ತದೆ. ಬಿಟ್ಟ ಕಲ್ಲಿನಂತೆ ಸುಮ್ಮನೆ ಬೀಳುವುದಿಲ್ಲ. ಎಷ್ಟೋ ಕಾಲದ ಹಿಂದೆ ಅದು ಬರುತ್ತಿದ್ದ ವೇಗವೆಲ್ಲ ಒಳಗೇ ಉಳಿದಿರುತ್ತದೆ, ಆ ವೇಗದಲ್ಲೇ ಬಂದು ಬಡಿಯುತ್ತದೆ. ನಿಲ್ಲಿಸಿದ ಕಾಲ ಹೋಗಿರುವುದಿಲ್ಲ, ಕಾದಿರುತ್ತದೆ. ಆರು ವರ್ಷ ಊರಿಗೆ ಹೋಗದೆ ಒಂದು ಬೆಳಿಗ್ಗೆ ಬೆಂಗಳೂರಿನಲ್ಲಿ ಇಳಿದವರಿಗೆ ಇದನ್ನು ವಿವರಿಸಬೇಕಾಗಿಲ್ಲ.

ಈ ವಿವೆಕ್ ಬರೆದನೆನ್ನುವ ಧರ್ಮಗ್ರಂಥ 36 ಪಾಠಗಳದು. ನಿಜವಾಗಿ ಬರೆದವರು ಮೈಕೆಲ್ ಕರ್ಕ್‌ಬ್ರೈಡ್ ಎಂಬ ಲೇಖಕ. ಆಟದಲ್ಲಿ ಒಂದೊಂದು ಪಾಠ ಒಂದೊಂದು ಪುಸ್ತಕ, ದೇಶದ ತುಂಬ ಚೆದುರಿಬಿದ್ದಿರುತ್ತವೆ. ಓದಲು ಸುಲಭವಲ್ಲ, ನನಗೆ ಅರ್ಧವೂ ದಕ್ಕಲಿಲ್ಲ, ಬೆಡಗಿನ ವಚನ ಓದಿದ ಹಾಗೆ. ಅದರಲ್ಲಿ ದೇವರ ಹುಟ್ಟು, ಅವನ ಸಾಹಸ, ಅವನ ಗೆಳೆಯ ನೆರೆವಾರ್ ಎಂಬ ದೊರೆಗೆ ಮಾಡಿದ ಉಪದೇಶ. ಆ ನೆರೆವಾರ್ ಸತ್ತದ್ದು ಹೇಗೆ ಎಂಬುದೇ ಆಟದ ದೊಡ್ಡ ಪ್ರಶ್ನೆ. ಯುದ್ಧದ ಗಾಯದಿಂದ ಎಂದು ದೇವಾಲಯ ಹೇಳುತ್ತದೆ. ಈ ಮೂವರೇ ಕೊಂದು ದೇವತ್ವ ಕದ್ದರು ಎಂದು ಬಯಲಿನ ಅಲೆಮಾರಿ ಜನ ಹೇಳುತ್ತಾರೆ. ವಿವೆಕ್‌ನನ್ನೇ ಕೇಳಿದರೆ ಇಲ್ಲ ಎನ್ನುತ್ತಾನೆ. ಆದರೆ ಅವನ ಗ್ರಂಥದ 29ನೇ ಪಾಠದಲ್ಲಿ ಅಂಕಿಗಳ ಒಂದು ಪಟ್ಟಿಯಿದೆ. ಆ ಅಂಕಿ ಹಿಡಿದು ಪಾಠಗಳಿಂದ ಒಂದೊಂದೇ ಪದ ಎಣಿಸಿ ಹೆಕ್ಕಿದರೆ ಒಂದು ತಪ್ಪೊಪ್ಪಿಗೆ ಬರುತ್ತದೆ. ತಾನು ದೇವರಾಗಿ ಹುಟ್ಟಿದವನಲ್ಲ, ವಿಧಿ ಮಾಡಿಸಿದ್ದೂ ಅಲ್ಲ, ತಾನೇ ಬೇಕೆಂದು ಕೊಂದೆ ಎಂದು. ಕೆಳಗೆ ರುಜು. (ಅಂಕಿಯಲ್ಲಿ ಗ್ರಂಥ ಅಡಗಿಸುವುದೆಂದರೆ ಸಿರಿಭೂವಲಯ ನೆನಪಾಗದ ಕನ್ನಡಿಗರು ಕಡಿಮೆ.) ಕೊಲೆಗಾರ ತನ್ನನ್ನು ದೇವರೆಂದು ಹೊಗಳಿಕೊಂಡ ಪುಸ್ತಕದೊಳಗೇ ತನ್ನ ಕೊಲೆಯನ್ನು ಹೂತಿಟ್ಟಿದ್ದಾನೆ.

"ನೋಡಿ ಅಜ್ಜಿ, ಹೋಲಿ ಬುಕ್ ಬರೆದವನೇ ಮರ್ಡರರ್. ಇದೂ ಯಾರೋ ಬರೆದದ್ದು, ನಿಮ್ದೂ ಯಾರೋ ಬರೆದದ್ದೇ ತಾನೆ?" ಎಂದ ಹುಡುಗ.

ನಾನು ಒಲೆಯ ಮುಂದೆ ನಿಂತವಳು ಕಿವಿ ಈ ಕಡೆ ಇಟ್ಟೆ. ನಮ್ಮ ಮಕ್ಕಳು ಹೇಗೂ ಒಂದು ದಿನ ಕೇಳುವ ಪ್ರಶ್ನೆ ಇದು. ರಾಕ್‌ವಿಲ್‌ನಲ್ಲಿ ಸಂಬಳಕ್ಕೆ ಕೂತು ಧರ್ಮಗ್ರಂಥ ಬರೆಯಬಹುದು, ಅದನ್ನು ಓದಿದಾಗ ಮೈ ಜುಂ ಎನ್ನಲೂಬಹುದು ಎಂದು ಕಂಡ ಮೇಲೆ ಮನೆಯ ಗ್ರಂಥಗಳನ್ನು ಮೊದಲಿನ ಕಣ್ಣಿನಿಂದ ನೋಡಲು ಅವರಿಗೆ ಆಗುವುದಿಲ್ಲ. ನನ್ನ ಮಟ್ಟಿಗೆ ವ್ಯತ್ಯಾಸ ಬರೆದವರಲ್ಲಿಲ್ಲ, ಒಳಗೆ ನಿಲ್ಲುವವರಲ್ಲಿದೆ. ಸಂಕಲ್ಪ ಮಾಡುವಾಗ ಭಟ್ಟರು ಕಲ್ಪದಿಂದ ಹಿಡಿದು ಸಂವತ್ಸರ, ಮಾಸ, ತಿಥಿ, ವಾರದವರೆಗೆ ಇಳಿದು ಕೊನೆಗೆ ನಮ್ಮ ಗೋತ್ರ, ಹೆಸರಿಗೆ ಬಂದು ನಿಲ್ಲುತ್ತಾರೆ. ಅಮೆರಿಕದಲ್ಲಿ ಜಂಬೂದ್ವೀಪ ಬಿಟ್ಟು ಕ್ರೌಂಚದ್ವೀಪ ಎನ್ನುವ ಭಟ್ಟರಿದ್ದಾರೆ; ಜಾಗದ ಹೆಸರು ಬದಲಾಗುತ್ತದೆ, ಕಾಲದ ಹೆಸರು ಒಂದೂ ಬದಲಾಗುವುದಿಲ್ಲ. 432 ಕೋಟಿ ವರ್ಷದ ಲೆಕ್ಕದ ತುದಿಗೆ ನಮ್ಮ ಹುಡುಗನ ಹೆಸರನ್ನು ಗಂಟು ಹಾಕುವ ಆ ಅರ್ಧ ನಿಮಿಷವನ್ನು ಯಾವ ಆಟವೂ ಕೊಟ್ಟಿಲ್ಲ.

ಅತ್ತೆಯವರು ಇದ್ಯಾವುದನ್ನೂ ಹೇಳಲಿಲ್ಲ. "ಬರೆದದ್ದೇ. ವ್ಯಾಸರು ಬರೆದದ್ದು" ಎಂದರು. "ಆದ್ರೆ ವ್ಯಾಸ ಅಂದ್ರೆ ಒಬ್ಬರಲ್ಲ ಮಗು. ದ್ವಾಪರಕ್ಕೊಬ್ಬರು. ಇದುವರೆಗೆ 28 ಜನ ಆದರು. ನಮಗೆ ಗೊತ್ತಿರೋ ಕೃಷ್ಣದ್ವೈಪಾಯನರು 28ನೆಯವರು."

"ಸೋ, ನೆಕ್ಸ್ಟ್ ಯಾರು?"

"ಅಶ್ವತ್ಥಾಮ."

ವಿಷ್ಣುಪುರಾಣದ ಮೂರನೇ ಅಂಶದಲ್ಲಿ ಇದು ಇದೆ, ನಾನು ಆಮೇಲೆ ತೆಗೆದು ನೋಡಿದೆ. ವೇದ ವಿಂಗಡಿಸಿದ 28 ವ್ಯಾಸರ ಹೆಸರು ಹೇಳಿ, ಬರುವ ದ್ವಾಪರದಲ್ಲಿ ದ್ರೋಣನ ಮಗನೇ ವ್ಯಾಸನಾಗುತ್ತಾನೆ ಎನ್ನುತ್ತದೆ. ಹುಡುಗನಿಗೆ ಅಶ್ವತ್ಥಾಮ ಗೊತ್ತು. ಯುದ್ಧ ಮುಗಿದ ರಾತ್ರಿ ಪಾಂಡವರ ಪಾಳೆಯಕ್ಕೆ ನುಗ್ಗಿ, ಮಲಗಿದ್ದ ಐವರು ಉಪಪಾಂಡವರನ್ನು ಕೊಂದವನು. ಹಣೆಯ ಮಣಿ ಕೀಳಿಸಿಕೊಂಡು, ಶಾಪ ಹೊತ್ತು, ಸಾವಿಲ್ಲದೆ ಅಲೆಯುತ್ತಿರುವವನು. ವೇದ ವಿಂಗಡಿಸಿ ಪುರಾಣ ಹೇಳುವ ಕೆಲಸ ಮುಂದಿನ ಸಲ ಅವನಿಗೆ.

"ನಿಜ್ವಾಗ್ಲೂ?" ಎಂದು ಅವನು ನನ್ನ ಕಡೆ ತಿರುಗಿದ, ಅಜ್ಜಿ ಆಟ ಆಡಿಸುತ್ತಿದ್ದಾರೋ ಎಂಬ ಅನುಮಾನದಲ್ಲಿ. ಆಮೇಲೆ ಅವರ ಪಕ್ಕದಲ್ಲಿ ನೆಲದ ಮೇಲೇ ಕೂತ. ಒಂದೊಂದೇ ಕನ್ನಡ ಪದ ಹುಡುಕಿಕೊಂಡು, "ಅವನು ಬರೆಯೋ ಮಹಾಭಾರತದಲ್ಲಿ ಆ ರಾತ್ರಿ ಇರತ್ತಾ, ಅಜ್ಜಿ? ಅದನ್ನ ಅವನು ಬರೀತಾನಾ?" ಎಂದು ಕೇಳಿದ.

ಅವರು ಹೊಸೆಯುತ್ತಿದ್ದ ಬತ್ತಿ ಕೆಳಗಿಟ್ಟು ಯೋಚಿಸಿದರು. "ಗೊತ್ತಿಲ್ಲ ಕಣೋ. ಅದನ್ನ ಯಾರೂ ನನ್ನ ಕೇಳಿರಲಿಲ್ಲ" ಎಂದರು.